ತರವಾಡು: ಮಲಯಾಳಂ ಸಿನಿಮಾದ ಹಳೇ ಮನೆ

ಮಲಯಾಳಂ ಸಿನಿಮಾ ನೋಡುವವರಿಗೆ ಈ ಮನೆ ಪರಿಚಯವೇ. ಹೆಂಚಿನ ಮಾಡು, ನಡುವೆ ಅಂಗಳ, ಹಿಂದೆ ಕೆರೆ, ಮೂಲೆಯಲ್ಲಿ ಸರ್ಪಕಾವು, ಅಂದರೆ ನಾಗಬನ. ತರವಾಡು ಎಂದರೆ ಆ ಮನೆಯೂ ಹೌದು, ಅದಕ್ಕೆ ಸೇರಿದ ಕುಟುಂಬವೂ ಹೌದು.

ಹಿಂದೆ ಕೇರಳದ ನಾಯರ್ ಕುಟುಂಬಗಳು ತಾಯಿಯ ಕಡೆಯಿಂದ ಬೆಳೆಯುತ್ತಿದ್ದವು. ಮಗಳ ಮಕ್ಕಳು ತರವಾಡಿನವರು. ಮಗನ ಮಕ್ಕಳು ಅವರ ತಾಯಿಯ ಮನೆಯವರು. ಇದು ಮರುಮಕ್ಕತ್ತಾಯಂ. ತುಳುನಾಡಿನವರಿಗೆ ಬಿಡಿಸಿ ಹೇಳಬೇಕಿಲ್ಲ, ಅಲ್ಲಿನ ಅಳಿಯಕಟ್ಟಿಗೆ, ಅಂದರೆ ಅಳಿಯಸಂತಾನಕ್ಕೆ, ಹತ್ತಿರದ ಪದ್ಧತಿ. ಆದರೆ ಯಜಮಾನಿಕೆ ಹೆಂಗಸರಿಗೆ ಸಿಗುತ್ತಿತ್ತು ಅಂದ್ಕೋಬೇಡಿ. ಅದು ಹಿರಿಯ ಸೋದರಮಾವನದು. ಅವನೇ ಕಾರಣವರ್.

ಭೂಸುಧಾರಣೆ ಬಂತು, ಗೇಣಿ ನಿಂತಿತು. 1975ರ ಕಾನೂನು ಅವಿಭಕ್ತ ಕುಟುಂಬದ ಪದ್ಧತಿಯನ್ನೇ ರದ್ದು ಮಾಡಿತು. ಗೋಡೆ ಉಳಿಯಿತು, ಆದಾಯ ಹೋಯಿತು. ನಿರ್ದೇಶಕ ಅಡೂರ್ ಗೋಪಾಲಕೃಷ್ಣನ್ ಅವರ ಸಿನಿಮಾ ‘ಎಲಿಪ್ಪತ್ತಾಯಂ’ ಹಿಡಿದದ್ದು ಇದನ್ನೇ. ಹೆಸರಿನ ಅರ್ಥ ಇಲಿಬೋನು. ಮನೆಯ ಗಂಡಸು ಉಣ್ಣಿಗೆ ಅಂಗಳಕ್ಕೆ ನುಗ್ಗಿದ ದನ ಓಡಿಸಲೂ ತಂಗಿ ರಾಜಮ್ಮನೇ ಬೇಕು. ಅವಳಿಗೆ ಮದುವೆಯಿಲ್ಲ, ದುಡಿತ ಮಾತ್ರ. ಅಕ್ಕ ಬಂದು ಪಾಲು ಕೇಳುತ್ತಾಳೆ. ಬೋನಿಗೆ ಬಿದ್ದ ಇಲಿಯನ್ನು ಕಿರಿಯ ತಂಗಿ ಕೆರೆಯಲ್ಲಿ ಮುಳುಗಿಸುತ್ತಾಳೆ. ಕೊನೆಗೆ ಉಣ್ಣಿಗೂ ಅದೇ ಕೆರೆ. ಮಾತು ತೀರಾ ಕಡಿಮೆ, ಬಾಗಿಲ ಕಿರುಗುಟ್ಟುವಿಕೆಯೇ ಜಾಸ್ತಿ. 1982ರಲ್ಲಿ ಇದಕ್ಕೆ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟಿನ ಸದರ್ಲೆಂಡ್ ಟ್ರೋಫಿ ಸಿಕ್ಕಿತು.

ಹತ್ತು ಚಿಲ್ಲರೆ ವರ್ಷ ಕಳೆಯುವಷ್ಟರಲ್ಲಿ ಅದೇ ಹಳೇ ಮನೆ ಹೀರೋನ ಮೀಸೆಗೆ ಹಿನ್ನೆಲೆಯಾಯಿತು. 1993ರ ‘ದೇವಾಸುರಂ’ನಲ್ಲಿ ನಾಯಕ ಅಪ್ಪನ ಆಸ್ತಿ ಕರಗಿಸುತ್ತಾನೆ, ಅಪ್ಪನ ಹೆಸರಿಗಾಗಿ ಒದ್ದಾಡುತ್ತಾನೆ. ತಾಯಿಯ ಕಡೆಯ ಲೆಕ್ಕ ಎಲ್ಲಿ ಹೋಯಿತು? ಚಿತ್ರೀಕರಣ ನಡೆದ ಒಟ್ಟಪಾಲಂ ಹತ್ತಿರದ ವರಿಕ್ಕಾಶ್ಶೇರಿ ಮನೆಯಂತೂ ನಂಬೂದಿರಿ ಬ್ರಾಹ್ಮಣರದು, ಅವರಲ್ಲಿ ವಂಶ ಅಪ್ಪನಿಂದಲೇ. ಚಿತ್ರ ಚೆನ್ನಾಗಿದೆ, ಇಲ್ಲ ಅನ್ನೋದಿಲ್ಲ. ಆದರೆ ಅದನ್ನು ನೋಡಿ ತರವಾಡು ಅರ್ಥವಾಯಿತು ಅನ್ನೋದು ಕಷ್ಟ.

ಅದೇ ವರ್ಷದ ‘ಮಣಿಚಿತ್ರತ್ತಾಳ್’ ನಮಗೆ ‘ಆಪ್ತಮಿತ್ರ’ವಾಗಿ ಗೊತ್ತು. ಮಲಯಾಳಂನಲ್ಲಿ ನಕುಲನ್ ಬಂದು ಇಳಿಯುವುದು ತನ್ನದೇ ಕುಟುಂಬದ ಮಾಡಂಪಳ್ಳಿ ತರವಾಡಿಗೆ. ಬೇಡ ಎಂದು ತಡೆಯುವವನು ಸೋದರಮಾವ. ಕನ್ನಡಕ್ಕೆ ಬಂದಾಗ ಅದು ಮೈಸೂರು ಕಡೆ ದುಡ್ಡು ಕೊಟ್ಟು ಕೊಂಡ ಬಂಗಲೆಯಾಯಿತು. ದೆವ್ವದ ಭಯ ಹಾಗೇ ಉಳಿಯಿತು. ಮಾವನ ಮಾತು ಮೀರುವ ಭಯಕ್ಕೆ ಮಾತ್ರ ಇಲ್ಲಿ ಜಾಗ ಇರಲಿಲ್ಲ.