ಎಂಡ್ ಆಫ್ ಲೈಫ್ ಕವರ್: ಸಾಕುಪ್ರಾಣಿಯ ಕೊನೆಯ ದಿನಗಳ ಖರ್ಚಿಗೆ ವಿಮೆ ಎಷ್ಟು ಕೊಡುತ್ತದೆ?

ನಾಯಿ, ಬೆಕ್ಕುಗಳ ವಿಮಾಪತ್ರದಲ್ಲಿ ‘ಎಂಡ್ ಆಫ್ ಲೈಫ್ ಕವರ್’ ಎಂದು ಕಂಡರೆ ಅದು ಒಂದೇ ಸೌಲಭ್ಯ ಎಂದುಕೊಳ್ಳಬೇಡಿ. ಅದರೊಳಗೆ ನಾಲ್ಕು ಬಾಬ್ತುಗಳಿವೆ: ಗುಣವಾಗದ ಕಾಯಿಲೆಯಲ್ಲಿ ನೋವು ತಗ್ಗಿಸುವ ಆರೈಕೆ, ದಯಾಮರಣದ ಚುಚ್ಚುಮದ್ದು, ಕಳೇಬರವನ್ನು ಸುಡುವ ಅಥವಾ ಹೂಳುವ ಖರ್ಚು, ಪ್ರಾಣಿ ಸತ್ತದ್ದಕ್ಕೆ ಮಾಲೀಕರ ಕೈಗೆ ಬರುವ ಇಡುಗಂಟು. ಒಂದು ಪಾಲಿಸಿಯಲ್ಲಿ ಮೊದಲೆರಡು ಇದ್ದು ಉಳಿದೆರಡು ಇಲ್ಲದಿರಬಹುದು; ಇನ್ನೊಂದರಲ್ಲಿ ಕೊನೆಯದೊಂದೇ ಇರಬಹುದು. ಅಮೆರಿಕದ ಪಾಲಿಸಿಗಳು ಬಹುಪಾಲು ಮೊದಲ ಬಗೆಯವು, ಭಾರತದ ಹಳೆಯ ನಾಯಿ ವಿಮೆ ಎರಡನೆಯ ಬಗೆಯದು. ನ್ಯೂಜೆರ್ಸಿಯಲ್ಲಿರುವ ಮಗಳು ಫೋನಿನಲ್ಲಿ ಹೇಳಿದ ನಿಯಮವನ್ನು ಮೈಸೂರಿನ ಮನೆಯ ನಾಯಿಗೆ ಹಚ್ಚಿ ನೋಡಿದರೆ ಲೆಕ್ಕ ತಪ್ಪುವುದು ಇಲ್ಲಿಯೇ.

ಆರೈಕೆಯಿಂದ ಶುರುಮಾಡೋಣ. ಅಪಘಾತ ಮತ್ತು ಕಾಯಿಲೆ ಎರಡನ್ನೂ ಒಳಗೊಂಡ ಪಾಲಿಸಿಯಲ್ಲಿ ಇದಕ್ಕೆ ಬೇರೆ ಶೀರ್ಷಿಕೆ ಇರುವುದು ಅಪರೂಪ. ಕಾಯಿಲೆಯ ಮಾಮೂಲಿ ಚಿಕಿತ್ಸೆಯ ಲೆಕ್ಕದಲ್ಲೇ ಹಣ ಬರುತ್ತದೆ. ನೋವಿನ ಮಾತ್ರೆ, ನರದ ನೋವಿಗೆ ಕೊಡುವ ಗ್ಯಾಬಪೆಂಟಿನ್, ಕೀಲುನೋವಿಗೆ ತಿಂಗಳಿಗೊಮ್ಮೆ ಕೊಡುವ ಇಂಜೆಕ್ಷನ್, ಮೂತ್ರಪಿಂಡ ಸೋತ ಬೆಕ್ಕಿಗೆ ಚರ್ಮದಡಿ ಏರಿಸುವ ಫ್ಲೂಯಿಡ್, ಇವೆಲ್ಲ ಪಶುವೈದ್ಯರು ಬರೆದುಕೊಟ್ಟಿದ್ದರೆ ಕ್ಲೇಮಿಗೆ ಬರುತ್ತವೆ. ವಿಶೇಷ ಆಹಾರ, ಡೈಪರ್, ಹಾಸಿಗೆ, ಕಾರು ಹತ್ತಿಸುವ ರ‍್ಯಾಂಪ್, ವೈದ್ಯರು ಮನೆಗೆ ಬಂದ ಶುಲ್ಕ ಸಾಮಾನ್ಯವಾಗಿ ಬರುವುದಿಲ್ಲ. ‘ವೆಲ್‌ನೆಸ್ ಪ್ಲಾನ್’ ಎಂಬುದು ಲಸಿಕೆ, ಹಲ್ಲು ಶುಚಿ ಇಂಥವಕ್ಕಾಗಿ ಇರುವಂಥದ್ದು. ಅದಿದ್ದ ಮಾತ್ರಕ್ಕೆ ಕ್ಯಾನ್ಸರಿಗೆ ಕಾಸು ಸಿಗದು.

ದಯಾಮರಣದ ವಿಚಾರದಲ್ಲಿ ವಿಮಾ ಕಂಪನಿ ಕೇಳುವುದು ಒಂದೇ ಪ್ರಶ್ನೆ: ವೈದ್ಯಕೀಯವಾಗಿ ಅನಿವಾರ್ಯವಾಗಿತ್ತೇ? ಮುಪ್ಪು ಇದಕ್ಕೆ ಉತ್ತರವಲ್ಲ. ‘ವಯಸ್ಸಾಗಿದೆ, ಏಳಲಾಗುತ್ತಿಲ್ಲ’ ಎಂದು ವೈದ್ಯರ ಚೀಟಿಯಲ್ಲಿದ್ದರೆ ಕ್ಲೇಮು ಕುಂಟುತ್ತದೆ. ‘ಎರಡೂ ಸೊಂಟದ ಕೀಲುಗಳಲ್ಲಿ ತೀವ್ರ ಸವೆತ, ಎಂಟು ವಾರ ಔಷಧ ಕೊಟ್ಟರೂ ನೋವು ಹಿಡಿತಕ್ಕೆ ಬಂದಿಲ್ಲ’ ಎಂದಿದ್ದರೆ ಅದೇ ನಾಯಿಯ ಅದೇ ಸ್ಥಿತಿಗೆ ಹಣ ಬರುವ ಸಾಧ್ಯತೆ ಹೆಚ್ಚು. ಕಚ್ಚುವ ಸ್ವಭಾವದ ಕಾರಣಕ್ಕೆ ಪ್ರಾಣ ತೆಗೆಸಿದರೆ ಹೆಚ್ಚಿನ ಪಾಲಿಸಿಗಳು ಕೊಡುವುದಿಲ್ಲ.

ಜನ ಗಮನಿಸದೆ ಬಿಡುವ ಇನ್ನೊಂದು ಗಂಟಿದೆ. ಯಾವ ಕಾಯಿಲೆಯಿಂದ ಆ ಹಂತ ಬಂತೋ ಆ ಕಾಯಿಲೆಯೇ ಪಾಲಿಸಿಯ ಹೊರಗಿದ್ದರೆ ದಯಾಮರಣವೂ ಹೊರಗೆ. ವಿಮೆ ಮಾಡಿಸುವ ಮುಂಚೆ ಮಾಡಿಸಿದ ಒಂದು ರಕ್ತಪರೀಕ್ಷೆಯಲ್ಲಿ ಬೆಕ್ಕಿನ ಕ್ರಿಯಾಟಿನಿನ್ (ಮೂತ್ರಪಿಂಡದ ಸ್ಥಿತಿ ತೋರಿಸುವ ಅಂಶ) ಮಿತಿ ಮೀರಿತ್ತು ಎನ್ನಿ. ಆಗ ಯಾರೂ ಅದನ್ನು ಕಾಯಿಲೆ ಎಂದು ಕರೆದಿರಲಿಕ್ಕಿಲ್ಲ. ಆದರೆ ಐದು ವರ್ಷದ ನಂತರ ಮೂತ್ರಪಿಂಡ ಕೈಕೊಟ್ಟಾಗ ಕಂಪನಿ ಹಳೆಯ ಕಡತ ತರಿಸಿಕೊಂಡು ‘ಮೊದಲೇ ಇದ್ದ ಕಾಯಿಲೆ’ ಎನ್ನಬಹುದು. ‘ಎರಡು ವಾರದಿಂದ ಕುಂಟುತ್ತಿದೆ’, ‘ಪಕ್ಕೆಯಲ್ಲಿ ಗಂಟು’ ಎಂಬ ಒಂದು ಸಾಲಿನ ಟಿಪ್ಪಣಿಯೂ ಸಾಕು. ಆದ್ದರಿಂದ ಪಾಲಿಸಿ ಶುರುವಾದ ತಿಂಗಳಲ್ಲೇ ನಾಯಿಯ ಪೂರ್ಣ ಕಡತವನ್ನು ನೀವೇ ತರಿಸಿ ಓದಿ. ತಪ್ಪು ಬರೆದಿದ್ದರೆ ಅದನ್ನು ತಿದ್ದಿಸಲು ಅದೇ ಸಮಯ.

ಕ್ಯಾನ್ಸರಿನಂಥ ನಿಧಾನದ ಕಾಯಿಲೆಯಲ್ಲಿ ಅಮೆರಿಕದ ಪಶುವೈದ್ಯೆ ಆಲಿಸ್ ವಿಲ್ಲಾಲೋಬೋಸ್ ರೂಪಿಸಿದ ಅಂಕಪಟ್ಟಿ ಬಹಳ ಉಪಯುಕ್ತ. ನೋವು, ಹಸಿವು, ದೇಹದ ನೀರಿನಂಶ, ಸ್ವಚ್ಛತೆ, ಲವಲವಿಕೆ, ಓಡಾಟ, ಒಳ್ಳೆಯ ದಿನಗಳು ಕೆಟ್ಟ ದಿನಗಳಿಗಿಂತ ಹೆಚ್ಚಿವೆಯೇ ಎಂಬ ಏಳು ವಿಷಯಗಳಿಗೆ ತಲಾ 0ರಿಂದ 10 ಅಂಕ. ಒಟ್ಟು 35 ದಾಟಿದರೆ ಆರೈಕೆ ಮುಂದುವರಿಸಬಹುದು ಎಂಬ ಅಂದಾಜು. ವಾರಕ್ಕೊಮ್ಮೆ ತುಂಬಿ, ದಿನಾಂಕ ಹಾಕಿ ವೈದ್ಯರ ಕಡತಕ್ಕೆ ಸೇರಿಸಿ. ಮನೆಯವರ ತೀರ್ಮಾನಕ್ಕೂ ಕ್ಲೇಮಿಗೂ ಆ ಹಾಳೆಗಳೇ ಆಧಾರ.

ಈಗ ಅಮೆರಿಕದ ಒಂದು ಲೆಕ್ಕ. ಅಂಕಿಗಳು ಉದಾಹರಣೆಗಷ್ಟೆ. ಹನ್ನೊಂದು ವರ್ಷದ ಲ್ಯಾಬ್ರಡಾರ್. ಗುಲ್ಮದಲ್ಲಿ ಹೆಮಾಂಜಿಯೋಸಾರ್ಕೋಮಾ ಎಂಬ ಕ್ಯಾನ್ಸರ್ ಗೆಡ್ಡೆ ಒಡೆದು ಹೊಟ್ಟೆಯೊಳಗೆ ರಕ್ತ. ತಪಾಸಣೆ ಶುಲ್ಕ 90 ಡಾಲರ್, ಸ್ಕ್ಯಾನಿಂಗ್ 450, ರಕ್ತಪರೀಕ್ಷೆ 200, ತುರ್ತು ಚಿಕಿತ್ಸೆ 600, ದಯಾಮರಣ 180, ಪ್ರತ್ಯೇಕ ದಹನ 280. ಒಟ್ಟು 1,800. ಪಾಲಿಸಿ 80% ಮರುಪಾವತಿಯದು, ವರ್ಷಕ್ಕೆ 500 ಡಾಲರ್ ಡಿಡಕ್ಟಿಬಲ್, ಅಂದರೆ ಮಾಲೀಕರು ತಾವೇ ಭರಿಸಬೇಕಾದ ಮೊತ್ತ. ತಪಾಸಣೆ ಶುಲ್ಕವೂ ದಹನವೂ ಸೇರಿಲ್ಲ. ಕ್ಲೇಮಿಗೆ ಅರ್ಹವಾದದ್ದು 1,430. ಮೊದಲು ಡಿಡಕ್ಟಿಬಲ್ ಕಳೆದು ಆಮೇಲೆ 80% ತೆಗೆದರೆ 744 ಡಾಲರ್ ಬರುತ್ತದೆ. ಮೊದಲು 80% ತೆಗೆದು ಆಮೇಲೆ ಡಿಡಕ್ಟಿಬಲ್ ಕಳೆದರೆ 644. ಯಾವ ಕ್ರಮ ಎಂದು ಪಾಲಿಸಿಯಲ್ಲಿ ಬರೆದಿರುತ್ತದೆ, ನೋಡಿಕೊಳ್ಳಿ. ಆ ವರ್ಷದ ಡಿಡಕ್ಟಿಬಲ್ ಮೊದಲೇ ಮುಗಿದಿದ್ದರೆ 1,144 ಸಿಗುತ್ತದೆ. ಇನ್ನು, ಕಾಯಿಲೆ ಪತ್ತೆಯಾದದ್ದು ಪಾಲಿಸಿ ವರ್ಷದ ಕೊನೆಯ ತಿಂಗಳಲ್ಲಿ, ನಾಯಿ ಹೋದದ್ದು ನವೀಕರಣದ ಮರುವಾರದಲ್ಲಿ ಎಂದಾದರೆ ಎರಡು ಡಿಡಕ್ಟಿಬಲ್ ಕಳೆಯುತ್ತಾರೆ. ಅನ್ಯಾಯ ಅನ್ನಿಸುತ್ತದೆ, ಆದರೆ ನಿಯಮ ಹಾಗೇ ಇದೆ.

ದಹನವನ್ನೂ ಸೇರಿಸಿದ್ದರೆ ಮೇಲಿನ ಲೆಕ್ಕದಲ್ಲಿ 224 ಡಾಲರ್ ಹೆಚ್ಚು ಬರುತ್ತಿತ್ತು. ಕೆಲವು ಕಂಪನಿಗಳು ಇದನ್ನು ಮೂಲ ಪಾಲಿಸಿಯಲ್ಲೇ ಕೊಡುತ್ತವೆ, ಕೆಲವು ಹೆಚ್ಚುವರಿ ಹಣಕ್ಕೆ ‘ರೈಡರ್’ ಆಗಿ ಮಾರುತ್ತವೆ. ರೈಡರಿಗೆ ತಿಂಗಳಿಗೆ 4 ಡಾಲರ್ ಎಂದಿಟ್ಟುಕೊಂಡರೆ 12 ವರ್ಷಕ್ಕೆ 576 ಡಾಲರ್ ಕಟ್ಟಿದಂತಾಯಿತು. ದಹನವೊಂದಕ್ಕಾಗಿ ಅದು ನಷ್ಟದ ಬಾಬ್ತು. ಆ ಹಣವನ್ನು ಬ್ಯಾಂಕಿನಲ್ಲಿ ಇಡುವುದೇ ಮೇಲು. ಚಿತಾಭಸ್ಮದ ಕರಂಡಕ, ಪಂಜದ ಅಚ್ಚು ಬೇಕೆನ್ನುವವರು ಅವು ರೈಡರಿನಲ್ಲಿವೆಯೇ ಎಂದು ಕೇಳಿಕೊಳ್ಳಲಿ.

ಬ್ರಿಟನ್ನಿನಲ್ಲಿ ಇಡುಗಂಟಿನ ಪದ್ಧತಿಯೂ ಇದೆ: ನಾಯಿ ಸತ್ತರೆ ಕೊಂಡ ಬೆಲೆಯನ್ನು ಒಂದು ಮಿತಿಯೊಳಗೆ ಹಿಂದಿರುಗಿಸುತ್ತಾರೆ. ಆದರೆ ಕಾಯಿಲೆಯಿಂದಾದ ಸಾವಿಗೆ ವಯಸ್ಸಿನ ಗಡಿ ಇರುತ್ತದೆ, ಹಲವು ಪಾಲಿಸಿಗಳಲ್ಲಿ ಎಂಟೊಂಬತ್ತು ವರ್ಷಕ್ಕೇ ಆ ಭಾಗ ಮುಗಿಯುತ್ತದೆ. ಆ ವಯಸ್ಸಿನಿಂದಾಚೆಗೆ ಚಿಕಿತ್ಸೆಯ ಬಿಲ್ಲಿನಲ್ಲೂ 10ರಿಂದ 20% ಮಾಲೀಕರ ಪಾಲು ಎಂಬ ಷರತ್ತು ಸಾಮಾನ್ಯ. ಕೊನೆಗಾಲದ ರಕ್ಷಣೆ ಕೊನೆಗಾಲ ಬರುವಷ್ಟರಲ್ಲಿ ಸವೆದಿರುತ್ತದೆ!

ಭಾರತಕ್ಕೆ ಬಂದರೆ ಸರ್ಕಾರಿ ವಲಯದ ಹಳೆಯ ನಾಯಿ ವಿಮೆ ಮೂಲತಃ ಮರಣ ವಿಮೆ. ಎಂಟು ವಾರದಿಂದ ಎಂಟು ವರ್ಷದವರೆಗಿನ ನಾಯಿಗೆ, ಒಪ್ಪಿದ ಬೆಲೆಯ ಮೇಲೆ, ಅಪಘಾತ ಅಥವಾ ಕಾಯಿಲೆಯಿಂದ ಸತ್ತರೆ ಪರಿಹಾರ. ಆಸ್ಪತ್ರೆಯ ಬಿಲ್ಲಿಗೂ ಅದಕ್ಕೂ ಸಂಬಂಧವಿಲ್ಲ. 2020ರಲ್ಲಿ ಬಜಾಜ್ ಅಲಯನ್ಸ್ ತಂದ ನಾಯಿ ವಿಮೆಯಲ್ಲಿ ಶಸ್ತ್ರಚಿಕಿತ್ಸೆ ಮತ್ತು ಆಸ್ಪತ್ರೆ ವಾಸ ಮೂಲ ಭಾಗ. ಮಾರಕ ಕಾಯಿಲೆ, ಮರಣ ಪರಿಹಾರ, ದೀರ್ಘಕಾಲದ ಆರೈಕೆ ಇವನ್ನು ಆಯ್ದು ಸೇರಿಸಿಕೊಳ್ಳಬೇಕು. ಮೂಲ ಭಾಗವನ್ನಷ್ಟೇ ಕೊಂಡವರಿಗೆ ಕೊನೆಯ ದಿನಗಳ ಖರ್ಚಿನಲ್ಲಿ ಹೆಚ್ಚೇನೂ ಬರುವುದಿಲ್ಲ. ‘ಮಾರಕ ಕಾಯಿಲೆ’ ಎಂದರೆ ಪಾಲಿಸಿಯೊಳಗೆ ಪಟ್ಟಿ ಮಾಡಿದ ಕಾಯಿಲೆಗಳು ಮಾತ್ರ ಎಂಬುದನ್ನೂ ನೆನಪಿಡಿ.

ದಯಾಮರಣದ ಬಗ್ಗೆ ಇಲ್ಲಿನ ಮರಣ ವಿಮೆಯಲ್ಲಿ ಒಂದು ಷರತ್ತಿದೆ. ಹಸು, ಎಮ್ಮೆಗೆ ಕಿವಿಯೋಲೆ ಹಾಕಿಸಿ ವಿಮೆ ಮಾಡಿಸಿದ ರೈತರ ಪಾಲಿಸಿಯಲ್ಲೂ ಇರುವಂಥದ್ದೇ. ಉದ್ದೇಶಪೂರ್ವಕವಾಗಿ ಕೊಂದರೆ ಪರಿಹಾರವಿಲ್ಲ. ವಿನಾಯಿತಿ ಎರಡೇ: ವಾಸಿಯಾಗದ ನರಳಾಟವನ್ನು ಮಾನವೀಯ ದೃಷ್ಟಿಯಿಂದ ಕೊನೆಗೊಳಿಸಬೇಕೆಂದು ಅರ್ಹ ಪಶುವೈದ್ಯರು ಪ್ರಮಾಣಪತ್ರ ಕೊಟ್ಟಿರಬೇಕು, ಇಲ್ಲವೇ ಕಾನೂನಿನ ಅಧಿಕಾರವುಳ್ಳವರ ಆದೇಶವಿರಬೇಕು. ಪ್ರಮಾಣಪತ್ರವಿಲ್ಲದ ಚುಚ್ಚುಮದ್ದು ಕಂಪನಿಯ ಕಣ್ಣಿಗೆ ಬೇಕೆಂದೇ ಕೊಂದಂತೆ. ದಯಾಮರಣವೇ ಕಾನೂನುಬಾಹಿರ ಎಂದು ಹೆದರುವವರಿದ್ದಾರೆ. ಬದುಕಿಸಿಡುವುದೇ ಕ್ರೌರ್ಯ ಎನಿಸುವಂಥ ಪ್ರಾಣಿಯನ್ನು ಕೊನೆಗಾಣಿಸುವುದನ್ನು 1960ರ ಪ್ರಾಣಿ ಹಿಂಸೆ ತಡೆ ಕಾಯ್ದೆಯ 13ನೇ ಕಲಮೇ ಗುರುತಿಸುತ್ತದೆ.

ಪತ್ರದ ಕೆಲಸ ಹೀಗೆ ಸಾಗಬೇಕು. ವೈದ್ಯರು ‘ಇನ್ನು ಸಾಧ್ಯವಿಲ್ಲ’ ಎಂದ ತಕ್ಷಣ, ಚುಚ್ಚುಮದ್ದಿಗೆ ಮುಂಚೆಯೇ, ಕಂಪನಿಗೆ ಫೋನ್ ಮಾಡಿ ಕ್ಲೇಮು ಸಂಖ್ಯೆ ಪಡೆಯಿರಿ. ಅದೇ ವಿಷಯವನ್ನು ಇಮೇಲ್ ಅಥವಾ ವಾಟ್ಸಾಪಿನಲ್ಲೂ ಕಳಿಸಿ, ಸಮಯ ದಾಖಲಾಗುತ್ತದೆ. ಪ್ರಮಾಣಪತ್ರದಲ್ಲಿ ತಳಿ, ಬಣ್ಣ, ವಯಸ್ಸು, ಚರ್ಮದಡಿ ಹಾಕಿಸಿದ ಗುರುತಿನ ಮೈಕ್ರೋಚಿಪ್ಪಿನ 15 ಅಂಕಿಯ ಸಂಖ್ಯೆ, ಕಾಯಿಲೆಯ ಹೆಸರು, ಲಕ್ಷಣ ಮೊದಲು ಕಂಡ ದಿನ, ಕೊಟ್ಟ ಚಿಕಿತ್ಸೆ, ಗುಣವಾಗುವುದಿಲ್ಲ ಎಂಬ ಸ್ಪಷ್ಟ ಮಾತು, ವೈದ್ಯರ ನೋಂದಣಿ ಸಂಖ್ಯೆ, ದಿನಾಂಕ ಮತ್ತು ಗಂಟೆ ಇರಲಿ. ‘ಮಾಲೀಕರ ಕೋರಿಕೆಯ ಮೇರೆಗೆ’ ಎಂದಷ್ಟೇ ಬರೆದ ಪತ್ರ ಕ್ಲೇಮಿನ ಕುತ್ತಿಗೆ ಹಿಚುಕುತ್ತದೆ. ಕೋರಿಕೆ ನಿಮ್ಮದೇ ಆಗಿದ್ದರೂ ಅದರ ಹಿಂದಿನ ಕಾರಣ ವೈದ್ಯಕೀಯದ್ದು, ಅದನ್ನೇ ಬರೆಸಿ. ದುಃಖದ ಹೊತ್ತಿನಲ್ಲಿ ಇದೆಲ್ಲ ಯಾರಿಗೆ ನೆನಪಿರುತ್ತದೆ? ಈ ಪಟ್ಟಿಯನ್ನು ಲಸಿಕೆ ಕಾರ್ಡಿನ ಜೊತೆ ಈಗಲೇ ಇಟ್ಟುಬಿಡಿ.

ಬಿಲ್ಲಿನಲ್ಲಿ ಅರೆವಳಿಕೆ, ದಯಾಮರಣ, ಕಳೇಬರ ವಿಲೇವಾರಿ ಬೇರೆ ಬೇರೆ ಸಾಲುಗಳಲ್ಲಿರಬೇಕು. ‘ಪ್ಯಾಕೇಜ್’ ಎಂದು ಒಟ್ಟು ಮೊತ್ತ ಬರೆದರೆ ಯಾವುದಕ್ಕೆ ಕೊಡಬೇಕು, ಯಾವುದಕ್ಕೆ ಬೇಡ ಎಂದು ಬಿಡಿಸಲಾಗದೆ ಇಡೀ ಬಿಲ್ಲು ವಾಪಸ್ ಬರುತ್ತದೆ.

ಮರಣ ಪರಿಹಾರ ಕೇಳುವುದಿದ್ದರೆ ಕಂಪನಿಯ ಒಪ್ಪಿಗೆ ಬರುವ ತನಕ ಸುಡಬೇಡಿ, ಹೂಳಬೇಡಿ. ಮರಣೋತ್ತರ ಪರೀಕ್ಷೆ ಬೇಕೇ ಎಂದು ಕೇಳಿ; ಬೇಡವೆಂದರೆ ಬರಹದಲ್ಲಿ ಪಡೆಯಿರಿ. ಬೇಕೆಂದರೆ ಕಳೇಬರವನ್ನು ಸುಮಾರು 4 ಡಿಗ್ರಿಯ ತಂಪಿನಲ್ಲಿ ಅಥವಾ ಮಂಜುಗಡ್ಡೆಯ ಚೀಲಗಳ ನಡುವೆ ಇಡಿ. ಫ್ರೀಜರಿನಲ್ಲಿ ಹೆಪ್ಪುಗಟ್ಟಿಸಿದರೆ ಜೀವಕೋಶಗಳು ಒಡೆದು ಅಂಗಾಂಶ ಪರೀಕ್ಷೆ ಕೆಡುತ್ತದೆ. ಚಿಪ್ ಓದಿದ ಸ್ಕ್ಯಾನರಿನ ಪರದೆ ಮತ್ತು ಮುಖ ಒಟ್ಟಿಗೆ ಕಾಣುವಂತೆ ಫೋಟೊ ತೆಗೆದಿಟ್ಟುಕೊಳ್ಳಿ.

ಡಿಸ್ಟೆಂಪರ್, ರೇಬೀಸ್, ಲೆಪ್ಟೊಸ್ಪೈರೋಸಿಸ್‌ನಂಥ ಕಾಯಿಲೆಯ ಸಾವಿಗೆ ಲಸಿಕೆ ಹಾಕಿಸಿದ ದಾಖಲೆ ಇದ್ದರಷ್ಟೇ ಪರಿಹಾರ. ಮಲೆನಾಡು, ಕರಾವಳಿಯ ಮಳೆಗಾಲದಲ್ಲಿ ಇಲಿಯ ಮೂತ್ರ ಬೆರೆತ ನೀರಿನಿಂದ ಲೆಪ್ಟೊ ಹರಡಿ ಯಕೃತ್ತು, ಮೂತ್ರಪಿಂಡ ಎರಡೂ ಕೆಡುವುದುಂಟು. ಅದರ ಲಸಿಕೆ ವರ್ಷಕ್ಕೊಮ್ಮೆ ಹಾಕಿಸಬೇಕಾದದ್ದು; ಕಾರ್ಡಿನಲ್ಲಿ ಒಂದು ವರ್ಷದ ಸ್ಟಿಕ್ಕರ್ ಕಾಣೆಯಾದರೂ ತಕರಾರಿಗೆ ಅಷ್ಟು ಸಾಕು.

ದಹನವೋ ಹೂಳುವುದೋ ಎಂಬುದನ್ನು ಖರ್ಚಿನ ಮೇಲೆ ಮಾತ್ರ ನಿರ್ಧರಿಸಬೇಡಿ. ದಯಾಮರಣಕ್ಕೆ ಬಳಸುವ ಪೆಂಟೊಬಾರ್ಬಿಟಲ್ ಕಳೇಬರದಲ್ಲಿ ಬಹುಕಾಲ ಉಳಿಯುತ್ತದೆ. ಮೇಲೆಮೇಲೆ ಹೂತದ್ದನ್ನು ಬೀದಿನಾಯಿಯೋ ಹದ್ದೋ ತಿಂದರೆ ಅವೂ ಸಾಯುತ್ತವೆ. ಬೆಂಗಳೂರಿನಲ್ಲಿ ಸುಮನಹಳ್ಳಿಯ ಪ್ರಾಣಿ ಚಿತಾಗಾರದಂಥ ವ್ಯವಸ್ಥೆ ಇದೆ. ಅಂಥದ್ದಿಲ್ಲದ ಊರುಗಳಲ್ಲಿ ಆಳವಾದ ಗುಂಡಿಯೇ ಗತಿ. ಚಿತಾಗಾರದ ರಸೀದಿಯಲ್ಲಿ ನಿಮ್ಮ ಹೆಸರು, ನಾಯಿಯ ವಿವರ, ದಿನಾಂಕ ಇದ್ದರೆ ಅದೂ ಒಂದು ದಾಖಲೆ.

ನಾಯಿಗೆ ಆಗಲೇ ಒಂಬತ್ತು ತುಂಬಿದ್ದರೆ ಹೊಸ ಪಾಲಿಸಿಗಾಗಿ ಅಲೆಯುವುದು ವ್ಯರ್ಥ. ಭಾರತದಲ್ಲಿ ಆ ವಯಸ್ಸಿಗೆ ಬಾಗಿಲು ಬಹುಮಟ್ಟಿಗೆ ಮುಚ್ಚಿರುತ್ತದೆ, ತೆರೆದಿರುವ ಕಡೆಯೂ ಇರುವ ಕಾಯಿಲೆಗಳೆಲ್ಲ ಹೊರಗೆ. ತಿಂಗಳಿಗೆ ಒಂದಿಷ್ಟು ಎಂದು ಆರ್.ಡಿ. ಕಟ್ಟುವುದೇ ವಿವೇಕ. ಮರಿಯಾಗಿದ್ದಾಗಲೇ ಕೊಂಡವರು ನವೀಕರಣ ತಪ್ಪಿಸಬಾರದು: ಒಂದು ವರ್ಷ ಬಿಟ್ಟು ಮತ್ತೆ ಸೇರಿದರೆ ಕಾಯುವ ಅವಧಿ (ಕ್ಲೇಮು ಮಾಡಲಾಗದ ಆರಂಭದ ದಿನಗಳು) ಹೊಸದಾಗಿ ಶುರು, ನಡುವೆ ಬಂದದ್ದೆಲ್ಲ ‘ಮೊದಲೇ ಇದ್ದದ್ದು’.

ಕ್ಲೇಮು ತಿರಸ್ಕೃತವಾದರೆ ಯಾವ ಕಲಮಿನ ಪ್ರಕಾರ ಎಂದು ಲಿಖಿತವಾಗಿ ಕೇಳಿ, ಮೊದಲು ಕಂಪನಿಯ ಕುಂದುಕೊರತೆ ವಿಭಾಗಕ್ಕೇ ಬರೆಯಿರಿ. ಒಂದು ತಿಂಗಳಾದರೂ ಉತ್ತರ ಬರದಿದ್ದರೆ ಅಥವಾ ಬಂದ ಉತ್ತರ ಒಪ್ಪಿಗೆಯಾಗದಿದ್ದರೆ ವಿಮಾ ದೂರುಗಳನ್ನು ಇತ್ಯರ್ಥ ಮಾಡುವ ವಿಮಾ ಒಂಬುಡ್ಸ್‌ಮನ್ ಬಳಿ ಹೋಗಬಹುದು, ಅದೂ ಒಂದು ವರ್ಷದೊಳಗೆ. ಕರ್ನಾಟಕದವರಿಗೆ ಆ ಕಚೇರಿ ಬೆಂಗಳೂರಿನ ಜೆ.ಪಿ. ನಗರದಲ್ಲಿದೆ. ದೂರಿಗೆ ಶುಲ್ಕವಿಲ್ಲ, ವಕೀಲರನ್ನು ಕರೆದೊಯ್ಯುವಂತಿಲ್ಲ. ಪ್ರಮಾಣಪತ್ರ, ಬಿಲ್ಲು, ಕಂಪನಿಯ ಜೊತೆಗಿನ ಪತ್ರವ್ಯವಹಾರ ಇಷ್ಟನ್ನು ದಿನಾಂಕದ ಕ್ರಮದಲ್ಲಿ ಜೋಡಿಸಿಕೊಂಡು ಹೋದರಾಯಿತು.