ಎರೆಹೊಲದ ಬಿಸಿಲು, ಬಾದಾಮಿಯ ಕಲ್ಲು

ಮೇ ತಿಂಗಳ ಮೊದಲ ವಾರದ ನಡುಹಗಲಿನಲ್ಲಿ ವಿಜಯಪುರದ ಸೂರ್ಯ ಹೆಚ್ಚುಕಡಿಮೆ ನೇರ ನೆತ್ತಿಯ ಮೇಲಿರುತ್ತಾನೆ. ಆ ಹೊತ್ತಿನಲ್ಲಿ ಎರೆಹೊಲದ ನಡುವೆ ಬಿಳಿ ಧೋತರ ಉಟ್ಟು ನಿಂತ ರೈತನ ಪಾತ್ರವನ್ನು ಚಿತ್ರೀಕರಿಸಬೇಕಾಗಿ ಬಂದರೆ ನಾನು ಬೆಳಕನ್ನು ಅಳೆಯುವ ಕ್ಯಾಮೆರಾದ ಮೀಟರನ್ನು ನಂಬುವುದಿಲ್ಲ. ತನ್ನೆದುರು ಇರುವುದೆಲ್ಲ ಬಿದ್ದ ಬೆಳಕಿನಲ್ಲಿ ಶೇ 18ರಷ್ಟನ್ನು ಮರಳಿಸುವ ಬೂದುಬಣ್ಣವೆಂದೇ ಅದು ಎಣಿಸುವುದರಿಂದ, ಚೌಕಟ್ಟಿನ ತುಂಬ ಕಪ್ಪು ಮಣ್ಣಿದ್ದರೆ ಲೆನ್ಸನ್ನು ಅತಿಯಾಗಿ ತೆರೆಯಲು ಸೂಚಿಸುತ್ತದೆ. ಹಾಗೆ ತೆರೆದರೆ ಧೋತರದ ನಿರಿಗೆಗಳೆಲ್ಲ ಅಳಿಸಿಹೋಗಿ ಬರೀ ಬಿಳುಪು ಉಳಿಯುತ್ತದೆ. ಧೋತರವನ್ನು ಅಳೆದರೆ ಮುಖ ಕಪ್ಪಾಗುತ್ತದೆ. ಆದ್ದರಿಂದ ಕೈಮೀಟರನ್ನು ಮುಖದ ಹತ್ತಿರ ಹಿಡಿದು, ಮರಳುವ ಬೆಳಕನ್ನು ಬಿಟ್ಟು ಬೀಳುವ ಬೆಳಕನ್ನು ಅಳೆಯುತ್ತೇನೆ.

ಅಳತೆ ಸರಿಯಾದರೂ ಕಣ್ಣುಗಳ ಸಮಸ್ಯೆ ಉಳಿಯುತ್ತದೆ. ಎರೆಮಣ್ಣು ಬೆಳಕನ್ನು ನುಂಗುವುದರಿಂದ ಕೆಳಗಿನಿಂದ ಏನೂ ಮರಳದೆ, ಹುಬ್ಬಿನ ನೆರಳಿನಲ್ಲಿ ಕಣ್ಣುಗಳು ಎರಡು ಗುಳಿಗಳಂತೆ ಕಾಣುತ್ತವೆ. ಅದೇ ಸೂರ್ಯನ ಕೆಳಗೆ ಬಾದಾಮಿಯ ಬಂಡೆಗಳ ನಡುವೆ ನಿಲ್ಲಿಸಿದರೆ ಕೆಂಪು ಮರಳುಗಲ್ಲು ನಾಲ್ಕೂ ಕಡೆಯಿಂದ ಬೆಳಕನ್ನು ಎಸೆದು ಕಣ್ಣುಗಳನ್ನು ತೆರೆಸುತ್ತದೆ, ಆದರೆ ಕೆನ್ನೆ, ಗದ್ದಗಳಿಗೆಲ್ಲ ಕೆಂಪು ಬಳಿಯುತ್ತದೆ. ಬಣ್ಣ ತಿದ್ದುವಾಗ ಆ ಕೆಂಪನ್ನು ಪೂರ್ತಿ ತೆಗೆದುಬಿಡುವ ರೂಢಿ ನನಗೆ ಒಪ್ಪಿಗೆಯಾಗಿಲ್ಲ. ಬಂಡೆ ಹಿನ್ನೆಲೆಯಲ್ಲೇ ಕಾಣುತ್ತಿರುವಾಗ ಮುಖಕ್ಕೆ ಮಾತ್ರ ಅದು ತಾಕದಂತೆ ಇರುವುದು ಸುಳ್ಳಾಗಿ ತೋರುತ್ತದೆ.

ಹೊಲದಲ್ಲಿ ಬೆಳ್ಳಿಬಣ್ಣದ ರಿಫ್ಲೆಕ್ಟರ್ ಹಿಡಿದರೆ ನಟರು ಕಣ್ಣು ಕಿವುಚುತ್ತಾರೆ. ತಲೆಯ ಮೇಲೆ ತೆಳು ಬಿಳಿ ಬಟ್ಟೆ ಕಟ್ಟಿ ಬಿಸಿಲನ್ನು ಮೆದುಗೊಳಿಸಿ, ಕ್ಯಾಮೆರಾದ ಪಕ್ಕದಲ್ಲಿ ಥರ್ಮಾಕೋಲ್ ಹಲಗೆ ಇಡುವುದು ಮೇಲು. ಸತ್ಯಜಿತ್ ರಾಯ್ ಅವರ 1956ರ 'ಅಪರಾಜಿತೋ' ಚಿತ್ರಕ್ಕಾಗಿ ಛಾಯಾಗ್ರಾಹಕ ಸುಬ್ರತ ಮಿತ್ರ ಅವರು ಸ್ಟುಡಿಯೋದಲ್ಲಿ ಕಟ್ಟಿದ ಕಾಶಿಯ ಅಂಗಳದ ಮೇಲೆ ಬಟ್ಟೆ ಹರಡಿ, ದೀಪಗಳ ಬೆಳಕನ್ನು ಅದಕ್ಕೆ ತಾಗಿಸಿ ಮರಳಿಸಿದ್ದರು. ಅವರ ಬಟ್ಟೆಗೆ ನಮ್ಮ ಬಯಲಿನ ಗಾಳಿಯ ಕಾಟವಿರಲಿಲ್ಲ.

ಗೋಲಗುಮ್ಮಟದ ಒಳಗಿನ ಕಷ್ಟ ಬೇರೆಯದು. ಅಲ್ಲಿ ಸಣ್ಣ ಸದ್ದೂ ಹಲವು ಬಾರಿ ಮರುದನಿಸುವುದರಿಂದ ಜನರೇಟರನ್ನು ಹತ್ತಿರ ತರುವಂತಿಲ್ಲ. ಚಿತ್ರೀಕರಣಕ್ಕೆ ಅನುಮತಿ ದೊರೆತರೆ ನಾನು ಬಾಗಿಲ ಹೊರಗೆ ಕನ್ನಡಿ ಇಡುತ್ತೇನೆ. ಮೈಸೂರಿನವರಾದ ಛಾಯಾಗ್ರಾಹಕ ವಿ. ಕೆ. ಮೂರ್ತಿ ಅವರು 1959ರ 'ಕಾಗಜ್ ಕೆ ಫೂಲ್' ಚಿತ್ರದಲ್ಲಿ ಹೊರಗಿನ ಬಿಸಿಲನ್ನೇ ಕನ್ನಡಿಗಳಿಂದ ಸ್ಟುಡಿಯೋದೊಳಕ್ಕೆ ಕೋಲಿನಂತೆ ಇಳಿಸಿದ್ದರು. ಕನ್ನಡಿಗೆ ಸದ್ದಿಲ್ಲ, ಡೀಸೆಲ್ ಬೇಕಿಲ್ಲ. ಆದರೆ ಸೂರ್ಯ ನಾಲ್ಕು ನಿಮಿಷಕ್ಕೆ ಸುಮಾರು ಒಂದು ಡಿಗ್ರಿ ಸರಿಯುತ್ತಾನೆ. ಗುಮ್ಮಟದ ಒಳಗಿನ ಹಜಾರ ಸುಮಾರು 41 ಮೀಟರ್ ಇರುವುದರಿಂದ, ಅಷ್ಟರಲ್ಲಿ ಎದುರು ಗೋಡೆಯ ಮೇಲಿನ ಬೆಳಕು ಸುಮಾರು 70 ಸೆಂಟಿಮೀಟರ್ ಜರುಗಿ ನಟನ ಮುಖದಿಂದ ಹೆಗಲಾಚೆಗೆ ಹೋಗಿರುತ್ತದೆ. ಹೀಗಾಗಿ ಶಾಟ್ ಮುಗಿಯುವವರೆಗೆ ಕನ್ನಡಿಯ ಬಳಿ ಒಬ್ಬ ಹುಡುಗ ಕೂತು ಅದನ್ನು ಕೂದಲೆಳೆಯಷ್ಟು ತಿರುಗಿಸುತ್ತಲೇ ಇರಬೇಕು, ಅದೂ ಬಿಸಿಲಿನಲ್ಲಿ.