ಶಾಂಘೈನ 'ಚಿತ್ರ ಚಕ್ರವರ್ತಿ' ಕೊರಿಯಾದವರಾ?

ಓದುಗರ ಪ್ರಶ್ನೆ: ಚೀನಾದ ಮೂಕಿ ಚಿತ್ರಗಳ ಕಾಲದಲ್ಲಿ 'ಚಿತ್ರ ಚಕ್ರವರ್ತಿ' ಅನ್ನಿಸಿಕೊಂಡಿದ್ದ ಜಿನ್ ಯಾನ್ ಚೀನಾದವರೇ ಅಲ್ಲವಂತೆ, ನಿಜಾನಾ?

ನಿಜ. ಅವರು ಹುಟ್ಟಿದ್ದು 1910ರಲ್ಲಿ, ಕೊರಿಯಾದ ಸೋಲ್‌ನಲ್ಲಿ. ಅಪ್ಪ ಅಮ್ಮ ಇಟ್ಟ ಹೆಸರು ಕಿಮ್ ಡೊಕ್‌ರಿನ್. ಕೊರಿಯಾದವರು 'ಕಿಮ್' ಅಂತ ಓದುವ ಅಕ್ಷರವನ್ನೇ ಚೀನಾದವರು 'ಜಿನ್' ಅಂತ ಓದುತ್ತಾರೆ. 'ಯಾನ್' ಅಂದರೆ ಬೆಂಕಿಯ ಜ್ವಾಲೆ.

ಅವರು ಹುಟ್ಟಿದ ವರ್ಷವೇ ಜಪಾನ್ ಕೊರಿಯಾವನ್ನು ನುಂಗಿಹಾಕಿತು. ಡಾಕ್ಟರಾಗಿದ್ದ ಅಪ್ಪ ಸ್ವಾತಂತ್ರ್ಯ ಚಳವಳಿಯಲ್ಲಿದ್ದವರು. ಸಂಸಾರ ಊರು ಬಿಟ್ಟು ಚೀನಾ ಸೇರಿತು. 1919ರಲ್ಲಿ ಅಪ್ಪ ತೀರಿಕೊಂಡರು. ನೆಂಟರ ಆಸರೆಯಲ್ಲಿ ಬೆಳೆದ ಹುಡುಗ 1927ರಲ್ಲಿ ಶಾಂಘೈಗೆ ಬಂದಾಗ ಹದಿನೇಳು ವರ್ಷ.

ಸಿನಿಮಾದಲ್ಲಿ ಅವರನ್ನು ಕೈಹಿಡಿದು ಮೇಲೆತ್ತಿದವರು ನಿರ್ದೇಶಕ ಸುನ್ ಯು. 1930ರಲ್ಲಿ ಅವರು ಜಿನ್ ಯಾನ್ ಮತ್ತು ನಟಿ ರುವಾನ್ ಲಿಂಗ್‌ಯು ಜೋಡಿಯನ್ನು ಹಾಕಿಕೊಂಡು ಒಂದು ಪ್ರೇಮಕಥೆ ಮಾಡಿದರು. ಚಿತ್ರ ಮೂಕಿ, ಆದರೂ ಅದಕ್ಕೊಂದು ಹಾಡಿತ್ತು! ಇಬ್ಬರೂ ಹಾಡಿದ್ದನ್ನು ಗ್ರಾಮಫೋನ್ ತಟ್ಟೆಗೆ ಇಳಿಸಿದ್ದರು. ಪರದೆ ಮೇಲೆ ಆ ದೃಶ್ಯ ಬಂದಾಗ ತಟ್ಟೆ ಹಾಕಬೇಕು. ಚೀನಾದ ಮೊದಲ ಸಿನಿಮಾ ಹಾಡು ಅದೇ ಅಂತ ಹೇಳುತ್ತಾರೆ. ಮುಂದೆ ಪತ್ರಿಕೆಯೊಂದರ ಓದುಗರು ಮತ ಹಾಕಿ ಜಿನ್ ಯಾನ್‌ಗೆ ಚಕ್ರವರ್ತಿ ಪಟ್ಟ ಕಟ್ಟಿದರು.

ನನಗೆ ಎಲ್ಲಕ್ಕಿಂತ ಜಾಸ್ತಿ ಇಷ್ಟ 'ಮಹಾಮಾರ್ಗ' ಅನ್ನಬಹುದಾದ ಚಿತ್ರ, 'ದಾಲು'. 1935ರ ಶುರುವಿನಲ್ಲಿ ತೆರೆಕಂಡಿತು. ಸೈನ್ಯಕ್ಕಾಗಿ ರಸ್ತೆ ಮಾಡುವ ಕೂಲಿಗಳ ಕಥೆ. ಬರಿಮೈಯ ಗಂಡಸರು ಹೆಗಲಿಗೆ ಹಗ್ಗ ಹಾಕಿಕೊಂಡು ದೊಡ್ಡ ರೋಲರ್ ಎಳೆಯುತ್ತಾರೆ, ಹಾಡುತ್ತಾ ಮುಂದೆ ಬಾಗುತ್ತಾರೆ. ಅವರ ಮುಂದಾಳು ಜಿನ್ ಯಾನ್. ಕೊನೆಗೆ ಶತ್ರು ವಿಮಾನ ಬಂದು ಗುಂಡು ಸುರಿಸುತ್ತದೆ. ಸೆನ್ಸಾರ್ ಕಾಟಕ್ಕೆ ಶತ್ರು ಯಾರು ಅಂತ ಚಿತ್ರ ಬಾಯಿಬಿಡುವುದಿಲ್ಲ. ಆದರೆ ನೋಡುವವರಿಗೆಲ್ಲ ಗೊತ್ತಿತ್ತು, ಜಪಾನ್. ಜಿನ್ ಯಾನ್‌ಗಂತೂ ಅದು ಸುಮ್ನೆ ಪಾತ್ರ ಆಗಿರಲಿಲ್ಲ ಅಲ್ವಾ? ಹುಟ್ಟಿದೂರನ್ನು ಕಿತ್ತುಕೊಂಡವರೇ ಈಗ ಬೆಳೆದೂರಿನ ಬಾಗಿಲಿಗೂ ಬಂದಿದ್ದರು.

ಜಪಾನ್ ಶಾಂಘೈಗೆ ನುಗ್ಗಿದ ಮೇಲೆ ಜಪಾನಿಯರ ಪ್ರಚಾರದ ಚಿತ್ರದಲ್ಲಿ ನಟಿಸಲು ಒಪ್ಪದೆ ಜಿನ್ ಯಾನ್ ಹಾಂಗ್‌ಕಾಂಗ್‌ಗೆ ಹೊರಟುಹೋದರು. 1949ರ ನಂತರವೂ ಕೆಲವು ಚಿತ್ರ ಮಾಡಿದರು. 1962ರಲ್ಲಿ ಹೊಟ್ಟೆಯ ಆಪರೇಷನ್ ಕೆಟ್ಟು ನಟನೆ ನಿಂತೇಹೋಯಿತು. 1983ರಲ್ಲಿ ತೀರಿಕೊಳ್ಳುವವರೆಗೆ ಅವರನ್ನು ನೋಡಿಕೊಂಡವರು ಹೆಂಡತಿ, ನಟಿ ಚಿನ್ ಯಿ.